ನಾಲ್ಕನೇ ಪ್ರತಿವಾದಿ

ಅರ್ಜಿದಾರಳು ಖಷ್ಟಿ ಕಾರ್ಕಿ, ಸಹಶಿಕ್ಷಕಿ, ವಯಸ್ಸು ಐವತ್ತೊಂಬತ್ತು.
ಒಂದನೇ ಪ್ರತಿವಾದಿ ಸರ್ಕಾರ, ಎರಡನೆಯವರು ನಿರ್ದೇಶಕರು,
ಮೂರನೆಯವರು ಜಿಲ್ಲಾ ಶಿಕ್ಷಣಾಧಿಕಾರಿ.
ನಾಲ್ಕನೆಯವನು ನಾನು.

ಬೆಳಗಿನ ಜಾವ ಬೇರಿನಾಗ್‌ನಿಂದ ಹೊರಡುವುದು ಒಂದೇ ಜೀಪು.
ಹಿಂದಿನ ಸೀಟಿನಲ್ಲಿ ಅರ್ಜಿದಾರಳು, ಪಕ್ಕದಲ್ಲೇ ಪ್ರತಿವಾದಿ,
ನಡುವೆ ಅವಳ ಸ್ಟೀಲ್ ಡಬ್ಬಿ.
ಒಂದು ತಿರುವಿಗೆ ನಾನು ಅವಳ ಮೇಲೆ ಒರಗುತ್ತೇನೆ,
ಮುಂದಿನ ತಿರುವಿಗೆ ಅವಳು ನನ್ನ ಮೇಲೆ.
ಈ ರಸ್ತೆ ಯಾರ ಪರವೂ ಇಲ್ಲ.
ಅಲ್ಮೋಡಾ ದಾಟುವಾಗ ಡಬ್ಬಿಯ ಮುಚ್ಚಳ ತೆಗೆದು
"ತಿನ್ನೋ ಕುಂದನ್, ವಾದ ವಕೀಲರದು,
ಹಸಿವು ನಮ್ಮದು" ಅನ್ನುತ್ತಾಳೆ.
ರಾಗಿ ರೊಟ್ಟಿ, ಭಂಗಿ ಬೀಜದ ಚಟ್ನಿ.

ನಾನು ಕೆಲಸಕ್ಕೆ ಸೇರಿದ ದಿನ
ತಾಮ್ರ ಬಡಿಯುವವರ ಮನೆಯ ಹುಡುಗನೆಂದು
ನೀರಿನ ಕೊಡದ ಹತ್ತಿರ ಯಾರೂ ಕರೆಯಲಿಲ್ಲ.
ಆವತ್ತೂ ತೆರೆದದ್ದು ಇದೇ ಡಬ್ಬಿ.
ಬೆಂಚಿನ ಮೇಲೆ ಸರಿದು ಜಾಗ ಮಾಡಿಕೊಟ್ಟವಳ
ಹದಿನೇಳು ವರ್ಷದ ಹಿರಿತನವನ್ನು
ನನ್ನ ವಕೀಲ ಈಗ ನಾಲ್ಕಾಗಿ ಮಡಚಿ
ಕರಿಕೋಟಿನ ಜೇಬಿಗೆ ಹಾಕಿಕೊಂಡಿದ್ದಾನೆ.

ಮುಖ್ಯೋಪಾಧ್ಯಾಯರಾಗಲು
ಅರ್ಹತಾ ಪರೀಕ್ಷೆಯಲ್ಲಿ ತೇರ್ಗಡೆಯಾಗಿರತಕ್ಕದ್ದು, ಅನ್ನುತ್ತದೆ ನಿಯಮ.
ಅವಳು ಸೇರಿದಾಗ ಈ ನಿಯಮ ಹುಟ್ಟಿಯೇ ಇರಲಿಲ್ಲ.
ನಿಯಮಕ್ಕೆ ಮುಂದೆ ಮಾತ್ರ ಕಣ್ಣೋ, ಬೆನ್ನಲ್ಲೂ ಇವೆಯೋ?
ಇಷ್ಟೇ ಪ್ರಶ್ನೆ.
ಆರು ವರ್ಷದಿಂದ ಕೇಳುತ್ತಲೇ ಇದ್ದಾರೆ.

ನಾನು ಪಾಸಾದೆ, ಸುಳ್ಳಲ್ಲ.
ಬೇಕಾದ್ದಕ್ಕಿಂತ ಒಂದೇ ಒಂದು ಅಂಕ ಹೆಚ್ಚು.
ಆ ಒಂದು ಎಲ್ಲಿಂದ ಬಂತೆಂದು
ಯಾವ ಪ್ರಮಾಣಪತ್ರದಲ್ಲೂ ಬರೆದಿಲ್ಲ.
ಚಳಿಗಾಲದ ರಜೆ, ಅಗ್ಗಿಷ್ಟಿಕೆಯ ಎದುರು,
ಭಿನ್ನರಾಶಿ ನನ್ನ ತಲೆಗೆ ಹತ್ತದೆ ಕೂತಾಗ
ಕಿತ್ತಳೆ ಸುಲಿದು ತೊಳೆ ತೊಳೆ ಬಿಡಿಸಿಟ್ಟವಳು ಇವಳು:
"ಕೆಳಗಿನದು, ಒಟ್ಟು ಎಷ್ಟು ಪಾಲು ಅಂತ.
ಮೇಲಿನದು, ನಿನಗೆಷ್ಟು ಸಿಕ್ಕಿತು ಅಂತ."
ನಾನು ತಪ್ಪು ಹೇಳಿದಾಗಲೆಲ್ಲ ಒಂದೊಂದು ತೊಳೆ ತಿಂದಳು.
ಆ ರಾತ್ರಿ ಮೂರು ಕಿತ್ತಳೆ ಮುಗಿದವು.

ನೀವೂ ಬರೆಯಿರಿ ದೀದಿ, ಎಂದಿದ್ದೆ.
ಹೋಗಿದ್ದಳು, ಒಮ್ಮೆ, ಹಲ್ದ್ವಾನಿಯ ಕೇಂದ್ರಕ್ಕೆ.
ಬಾಗಿಲಲ್ಲಿ ತಪಾಸಣೆಗೆ ನಿಂತ ಹುಡುಗಿ
ಎರಡನೇ ಕ್ಲಾಸಿನಲ್ಲಿ ದೀದಿಯ ಸೆರಗಿಗೆ ಮೂಗು ಒರೆಸಿದವಳು.
ಗುರುತು ಹಿಡಿದು ಕಾಲು ಮುಟ್ಟಿದಳಂತೆ.
ಆಮೇಲೆ, ಬಳೆ ತೆಗೆಯಿರಿ ಮೇಡಂ, ಅಂದಳಂತೆ.
ದೀದಿ ಹೊರಗೆ ಬಂದು ಒಂದು ಟೀ ಕುಡಿದು
ಊರಿನ ಬಸ್ಸು ಹತ್ತಿಬಿಟ್ಟಳು.
ಯಾಕೆ ಎಂದು ಕೇಳಿದರೆ
"ಗೆಣ್ಣು ಊದಿದೆ ಕಣೋ, ಬಳೆ ಬರಲಿಲ್ಲ. ಅಷ್ಟೇ."

ನೈನಿತಾಲ್. ಹಲಗೆಯ ಮೇಲೆ ನಮ್ಮ ಸಂಖ್ಯೆ ಅರವತ್ತೆರಡು.
ಸಂಜೆ ನಾಲ್ಕಕ್ಕೆ ಇನ್ನೂ ನಲವತ್ತೇಳು ನಡೆದಿತ್ತು.
ಏಪ್ರಿಲ್‌ಗೆ, ಅಂದರು.
ಅವಳ ನಿವೃತ್ತಿ ಮಾರ್ಚ್ ಮೂವತ್ತೊಂದಕ್ಕೆ.
ವಕೀಲರಿಬ್ಬರೂ ತಲೆಯಾಡಿಸಿ ದಿನಾಂಕ ಬರೆದುಕೊಂಡರು.
ಅವಳು ಬೆರಳ ಗೆರೆಗಳ ಮೇಲೆ ಎಣಿಸಿದಳು,
ಸಣ್ಣ ಮಕ್ಕಳಿಗೆ ತೋರಿಸುವ ಹಾಗೆ, ನಿಧಾನಕ್ಕೆ,
ಆಮೇಲೆ ಕೈ ಮಡಚಿ ಶಾಲಿನೊಳಗೆ ಇಟ್ಟುಕೊಂಡಳು.

ನನ್ನ ಬಡ್ತಿ ಆದೇಶದ ಕೊನೆಯ ಸಾಲು:
ರಿಟ್ ಅರ್ಜಿಯ ಅಂತಿಮ ತೀರ್ಪಿಗೆ ಒಳಪಟ್ಟು.
ಒಳಪಟ್ಟೇ ದಿನಾ ಬೀಗ ತೆಗೆಯುತ್ತೇನೆ,
ಒಳಪಟ್ಟೇ ಗಂಟೆ ಬಾರಿಸುತ್ತೇನೆ,
ಬಿಸಿಯೂಟದ ಅಕ್ಕಿ ತೂಗುತ್ತೇನೆ.
ಹಾಜರಿ ಪುಸ್ತಕದ ಮೊದಲ ಸಾಲು ಮುಖ್ಯೋಪಾಧ್ಯಾಯನದು.
ನಾನು ಎರಡನೆಯದರಲ್ಲಿ ಸಹಿ ಹಾಕುತ್ತೇನೆ,
ಅವಳು ಮೂರನೆಯದರಲ್ಲಿ. ಆರು ವರ್ಷದಿಂದ.

ಕಳೆದ ತಿಂಗಳು ಬಂದ ಇನ್ಸ್‌ಪೆಕ್ಟರ್
ಪುಟ ಮಗುಚಿ ಮಗುಚಿ ಕೇಳಿದರು, ಇದ್ಯಾಕೆ ಖಾಲಿ?
ಒಂದನೇ ತರಗತಿಯಿಂದ ಅವಳ ದನಿ ಕೇಳುತ್ತಿತ್ತು,
ಮಕ್ಕಳಿಗೆ ಏನನ್ನೋ ಮತ್ತೆ ಮೊದಲಿಂದ ಹೇಳುತ್ತಿದ್ದಳು.
"ಅಲ್ಲಿ ಕಾಗದ ಸರಿಯಿಲ್ಲ ಸಾರ್,
ಶಾಯಿ ಹರಡುತ್ತದೆ" ಅಂದೆ.